ಮೆಲ್ಲಯ್ಯನ ಮನೆಯವರು

ನಮ್ಮ ಮನೆಯಲ್ಲಿ ಈಗ ಮೊಮ್ಮಗಳ ಕಾತರದ ದಿನಗಳು. ಅವಳು ನೋಡುವ ಕಾರ್ಟೂನಿನಲ್ಲಿ ಒಂದು ಸಂಸಾರವಿದೆ. ಅದರ ಪಕ್ಕದ ಮನೆಯಲ್ಲಿ ಆಗೊಮ್ಮೆ ಈಗೊಮ್ಮೆ ಬೇಲಿಯ ಮೇಲಿಂದ ತಲೆ ಹಾಕುವ ದಪ್ಪ ಮೀಸೆಯ ಅಂಕಲ್ ಒಬ್ಬನಿದ್ದಾನೆ. ಇನ್ನು ಮುಂದೆ ಆ ಅಂಕಲ್‌ನ ಸಂಸಾರದ್ದೇ ಬೇರೆ ಕಾರ್ಟೂನು ಬರುತ್ತದಂತೆ. 'ಶೀಘ್ರದಲ್ಲೇ' ಎಂದು ಟಿವಿಯವರು ದಿನಕ್ಕೆ ಹತ್ತು ಸಲ ತೋರಿಸುತ್ತಾರೆ. ಪ್ರತಿ ಸಲವೂ ಇವಳು ಅಡುಗೆಮನೆಗೆ ಓಡಿ ಬಂದು ನನಗೆ ವರದಿ ಒಪ್ಪಿಸುತ್ತಾಳೆ. "ಬರೀ ಬಣ್ಣದ ಗೊಂಬೆ ಕಣೆ, ಅದಕ್ಯಾಕೆ ಇಷ್ಟು ಕುಣಿತ?" ಎಂದು ನಾನು ಗೊಣಗುತ್ತಿದ್ದೆ. ಮೊನ್ನೆ ಹಾಗೆ ಗೊಣಗುವಾಗಲೇ ನನ್ನ ನಾಲಿಗೆ ಅರ್ಧದಲ್ಲಿ ನಿಂತಿತು. ಇಂಥದ್ದೇ ಒಂದು 'ಶೀಘ್ರದಲ್ಲೇ'ಗಾಗಿ ನಾನೂ ಕುಣಿದವಳು. ಆಗ ನಮ್ಮ ಊರಿಗೆ ಟಿವಿ ಇರಲಿ, ಕರೆಂಟೂ ಸರಿಯಾಗಿ ಬಂದಿರಲಿಲ್ಲ.

ಊರು ಕೊಡ್ಲಿಪೇಟೆ. ಕೊಡಗು ಮೈಸೂರು ರಾಜ್ಯಕ್ಕೆ ಸೇರಿ ಒಂದೆರಡು ವರ್ಷವಾಗಿತ್ತು. ಕಚೇರಿಗಳ ಬೋರ್ಡು ಬದಲಾಗಿತ್ತೇ ಹೊರತು ಜನ ಬದಲಾಗಿರಲಿಲ್ಲ. ನಮ್ಮ ದೊಡ್ಡಪ್ಪ ಪೇಟೆಬೀದಿಯಲ್ಲಿ ಟೈಲರ್. ಊರಿನ ಅರ್ಧದಷ್ಟು ಜನರ ಎದೆಯ ಸುತ್ತಳತೆ ಅವರಿಗೆ ಬಾಯಿಪಾಠ. ಆದರೆ ಅವರ ಮನಸ್ಸು ಬಟ್ಟೆಗಿಂತ ಹೆಚ್ಚಾಗಿ ಬಟ್ಟೆ ಕತ್ತರಿಸಲು ಅಳತೆ ಬರೆದುಕೊಳ್ಳುವ ಕಂದು ಕಾಗದದ ಮೇಲಿತ್ತು. ಉಳಿದ ಕಾಗದವನ್ನೆಲ್ಲ ಮೈದಾ ಅಂಟಿನಿಂದ ಉದ್ದಕ್ಕೆ ಅಂಟಿಸಿ, ಅದರ ಮೇಲೆ ಸಾಲಾಗಿ ಚಿತ್ರ ಬರೆದು, ಎರಡು ಬೆತ್ತದ ಕೋಲಿಗೆ ಸುತ್ತಿ, ಸಾಬೂನಿನ ಮರದ ಪೆಟ್ಟಿಗೆಯೊಳಗೆ ಕೂರಿಸಿದ್ದರು. ಪೆಟ್ಟಿಗೆಯ ಮುಂಭಾಗಕ್ಕೆ ಚೌಕದ ಕಿಂಡಿ, ಪಕ್ಕದಲ್ಲಿ ಹಿಡಿ. ಹಿಡಿ ತಿರುಗಿಸಿದರೆ ಕಿಂಡಿಯಲ್ಲಿ ಚಿತ್ರಗಳು ಒಂದರ ಹಿಂದೆ ಒಂದು ಓಡುತ್ತಿದ್ದವು. ಮಡಚಿದ ಕೊಡೆ, ಸ್ವಲ್ಪ ಬಿಚ್ಚಿದ ಕೊಡೆ, ಇನ್ನಷ್ಟು ಬಿಚ್ಚಿದ ಕೊಡೆ ಎಂದು ಐದಾರು ಚಿತ್ರ ಬರೆದು ಜೋರಾಗಿ ತಿರುಗಿಸಿದರೆ ಕೊಡೆ ತಾನಾಗಿ ಬಿಚ್ಚಿಕೊಂಡಂತೆ ಕಾಣುತ್ತಿತ್ತು. ನೀವು ನಗಬಹುದು. ಬೀದಿಯ ಮಕ್ಕಳಾದ ನಾವಂತೂ ಉಸಿರು ಹಿಡಿದು ನೋಡುತ್ತಿದ್ದೆವು.

ಭಾನುವಾರ ಮಧ್ಯಾಹ್ನ ಅಂಗಡಿಯ ಹಲಗೆ ಅರ್ಧ ಮುಚ್ಚಿ ಆಟ ಶುರು. ಕಥೆ ಗಡಿಬಿಡಿ ಗೌಡರ ಮನೆಯದು. ಗೌಡರಿಗೆ ಎಲ್ಲದಕ್ಕೂ ಅವಸರ. ಪಂಚೆ ಉಡುವ ಮೊದಲೇ ಬಸ್ಸು ಹತ್ತುವವರು. ಎಲ್ಲರ ದನಿಯೂ ದೊಡ್ಡಪ್ಪನದೇ. ಬಸ್ಸಿನ ಸದ್ದಿಗೆ ನೂಲು ಹಾಕದ ಹೊಲಿಗೆ ಯಂತ್ರವನ್ನು ಕಾಲಿನಿಂದ ತುಳಿಯುತ್ತಿದ್ದರು. ಆದರೆ ನಾವು ಕಾಯುತ್ತಿದ್ದದ್ದು ಗೌಡರಿಗಾಗಿ ಅಲ್ಲ, ಅವರ ಮನೆಯ ಮುಂದೆ ಸುಮ್ಮನೆ ಹಾದುಹೋಗುತ್ತಿದ್ದ ಮೆಲ್ಲಯ್ಯನಿಗಾಗಿ. ಅವನು ಒಂದು ಹೆಜ್ಜೆ ಎತ್ತಲು ಹದಿಮೂರು ಚಿತ್ರ ಬೇಕಿತ್ತು. ಅಷ್ಟರಲ್ಲಿ ಗೌಡರು ಪೇಟೆಗೆ ಹೋಗಿ ಬಂದಿರುತ್ತಿದ್ದರು. ನಾವು ನಕ್ಕು ನಕ್ಕು ಒಬ್ಬರ ಮೇಲೊಬ್ಬರು ಬೀಳುತ್ತಿದ್ದೆವು. ಮೆಲ್ಲಯ್ಯ ಯಾರೆಂದು ಎಲ್ಲರಿಗೂ ಗೊತ್ತಿತ್ತು. ಊರಾಚೆಯ ದನದ ದೊಡ್ಡಿ ಕಾಯುವ ಪುಟ್ಟಯ್ಯ. ಬೇಲಿ ಮುರಿದು ಪೈರು ಮೇಯ್ದ ದನಗಳನ್ನು ಹಿಡಿದು ದೊಡ್ಡಿಗೆ ಕೂಡುವುದು ಅವರ ಕೆಲಸ. ಹಾಗಾಗಿ ದನ ಸಾಕಿದವರೆಲ್ಲ ಅವರನ್ನು ಬೈಯುತ್ತಿದ್ದರು. ಅವರ ನಡಿಗೆ ನೋಡಿ ನಗಲು ಯಾರಿಗೂ ಸಂಕೋಚವಿರಲಿಲ್ಲ.

"ಮೆಲ್ಲಯ್ಯಂದೇ ಬೇರೆ ಕಥೆ ಮಾಡಿ" ಎಂದು ನಾವು ದುಂಬಾಲು ಬಿದ್ದೆವು. ದೊಡ್ಡಪ್ಪ ಒಪ್ಪಿ, ಅಂಗಡಿಯ ಹಲಗೆಯ ಮೇಲೆ ಬಟ್ಟೆಗೆ ಗುರುತು ಹಾಕುವ ಸೀಮೆಸುಣ್ಣದಲ್ಲಿ ಬರೆದರು: 'ಬರಲಿದೆ. ಮೆಲ್ಲಯ್ಯನ ಮನೆ.' ನಾವು ದಿನಾ ಶಾಲೆಗೆ ಹೋಗುವಾಗಲೂ ಬರುವಾಗಲೂ ಅದನ್ನು ಓದಿಕೊಂಡೇ ಮುಂದೆ ಹೋಗುತ್ತಿದ್ದೆವು.

ಬರೆದದ್ದೇನೋ ಸುಲಭ. ಆದರೆ ದೊಡ್ಡಪ್ಪ ಕಾಗದ ಹರಡಿಕೊಂಡು ಕೂತವರು ಕೂತೇ ಇದ್ದರು. "ಆ ಮನುಷ್ಯನ ಮನೇಲಿ ಯಾರ್ಯಾರವ್ರೆ ಅಂತ್ಲೇ ನಂಗೆ ಗೊತ್ತಿಲ್ಲ" ಎಂದರು.

ದೊಡ್ಡಮ್ಮ ಅಕ್ಕಿ ಆರಿಸುತ್ತಿದ್ದವರು ತಲೆ ಎತ್ತದೆ, "ಗೊತ್ತಿಲ್ದೋರ್ನ ಇಟ್ಕೊಂಡು ಇಷ್ಟು ದಿನ ನಗಾಡಿದ್ರಲ್ಲ" ಎಂದರು.

ನನಗೆ ಆಗ ಎಂಟು ವರ್ಷ. ಊರಿನ ಯಾವ ಕೆಲಸವೂ ನಾನಿಲ್ಲದೆ ಆಗುವುದಿಲ್ಲ ಎಂದು ನಂಬಿದ್ದ ಕಾಲ. ಗೊತ್ತಿಲ್ಲದಿದ್ದರೆ ಕೇಳಿದರಾಯಿತಲ್ಲ ಎಂದು ಶಾಲೆ ಬಿಟ್ಟವಳು ನೇರ ದೊಡ್ಡಿಗೆ ಹೋದೆ. ಪುಟ್ಟಯ್ಯ ಒಂದು ಎಮ್ಮೆಗೆ ಹುಲ್ಲು ಹಾಕುತ್ತಿದ್ದರು.

"ಪುಟ್ಟಯ್ಯ ಮಾವ, ನಿಮ್ಮ ಮನೇಲಿ ಯಾರ್ಯಾರಿದ್ದಾರೆ?"

"ಯಾಕವ್ವ?"

"ಬರ್ಕೊಳ್ಳೋಕೆ. ನಮ್ಮ ದೊಡ್ಡಪ್ಪನ ಪೆಟ್ಟಿಗೇಲಿ ನೀವು ಬರ್ತೀರಲ್ಲ, ಈಗ ನಿಮ್ಮನೇದೇ ಬೇರೆ ಆಟ ಆಗ್ತದೆ."

ಅವರು ಹುಲ್ಲಿನ ಕಂತೆ ಕೆಳಗಿಟ್ಟರು. "ನಾನು ಬರ್ತೀನಾ? ಬಂದು ಏನ್ ಮಾಡ್ತೀನಿ?"

"ನಡೀತೀರಿ" ಎಂದೆ. ಅಷ್ಟಕ್ಕೇ ನಿಲ್ಲಿಸದೆ ನಡೆದೂ ತೋರಿಸಿದೆ. ಇವತ್ತಿಗೂ ಅದು ನೆನಪಾದರೆ ನನ್ನ ಕಿವಿ ಬಿಸಿಯಾಗುತ್ತದೆ.

ಮಾರನೆಯ ದಿನ ಸಂಜೆ ಪುಟ್ಟಯ್ಯ ಅಂಗಡಿಗೆ ಬಂದರು. "ಅಣ್ಣ, ನನ್ನನ್ನ ಸ್ವಲ್ಪ ತೋರ್ಸಿ" ಎಂದರು. ದೊಡ್ಡಪ್ಪನ ಮುಖ ಬಿಳಿಚಿತು. ಬೇರೆ ದಾರಿಯಿಲ್ಲದೆ ಹಿಡಿ ತಿರುಗಿಸಿದರು. ದನಿ ಕೊಡಲಿಲ್ಲ. ಬರೀ ಕಾಗದದ ಸರಪರ ಸದ್ದು. ಹದಿಮೂರು ಚಿತ್ರ ಮುಗಿಯುವವರೆಗೂ ಪುಟ್ಟಯ್ಯ ಬಾಗಿ ನೋಡಿದರು.

"ಚೆನ್ನಾಗಿ ಬರ್ದಿದ್ದೀರಿ. ಕಾಲು ಮಾತ್ರ ತಪ್ಪು. ಇದು ಬಲಗಾಲು. ನಂಗೆ ಎತ್ತು ತುಳ್ದಿರೋದು ಎಡಗಾಲು."

"ತಪ್ಪಾಯ್ತು ಪುಟ್ಟಯ್ಯ" ಎಂದು ದೊಡ್ಡಪ್ಪ ಎದ್ದು ನಿಂತರು. "ಈಗ್ಲೇ ಹರ್ದ್ಹಾಕ್ತೀನಿ. ಹಲಗೆ ಮೇಲಿಂದನೂ ಅಳಿಸ್ತೀನಿ."

"ಬೇಡಿ. ಮಕ್ಕಳು ಕಾಯ್ತಾ ಅವ್ರಲ್ಲ. ಮನೇಲಿ ಯಾರವ್ರೆ ಅಂತ ಕೇಳ್ತು ಈ ಮಗು. ಹೇಳಿ ಹೋಗಾಣ ಅಂತ ಬಂದೆ."

ನಿಂತುಕೊಂಡೇ ಹೇಳಿದರು. ಹೆಂಡತಿ ಇದ್ದಾಳೆ, ಒಬ್ಬಳು ಮಗಳಿದ್ದಾಳೆ, ಇಬ್ಬರೂ ಯಸಳೂರು ಕಡೆ ಹೆಂಡತಿಯ ತವರಿನಲ್ಲಿ. ಕಾಲು ಹೋದ ಮೇಲೆ ಗದ್ದೆ ಕೆಲಸ ಆಗದೆ ದೊಡ್ಡಿ ಕಾಯಲು ಸೇರಿದ್ದರು. ಊರವರೆಲ್ಲ ಶಾಪ ಹಾಕುವ ಕೆಲಸ ಮಾಡುವವನ ಮನೆಯಲ್ಲಿ ತಂಗಿ ಇರಬಾರದೆಂದು ಭಾವಂದಿರು ಬಂದು ಕರೆದುಕೊಂಡು ಹೋದರು. ಆರು ವರ್ಷವಾಯಿತು. ಯಾವ ಮುಖ ಇಟ್ಟುಕೊಂಡು ಹೋಗಲಿ ಎಂದು ಇವರು ಹೋಗಲಿಲ್ಲ.

ದೊಡ್ಡಪ್ಪ ಪೆನ್ಸಿಲ್ ತೆಗೆದುಕೊಂಡರು. "ಮಗಳು ಎಷ್ಟುದ್ದ?"

ಪುಟ್ಟಯ್ಯ ಮೊಣಕಾಲಿಗಿಂತ ಸ್ವಲ್ಪ ಮೇಲೆ ಕೈ ಹಿಡಿದರು.

"ಅದು ಆಗಿನ ಅಳತೆ" ಎಂದರು ದೊಡ್ಡಪ್ಪ ಮೆಲ್ಲಗೆ. "ಈಗ ಇವಳಷ್ಟು ಆಗಿರ್ತಾಳೆ." ನನ್ನನ್ನು ಮುಂದೆ ನಿಲ್ಲಿಸಿದರು. ಪುಟ್ಟಯ್ಯ ಆ ಕೈಯನ್ನು ನನ್ನ ತಲೆಯ ಮಟ್ಟಕ್ಕೆ ಎತ್ತಿ, ಮುಟ್ಟದೆ ಹಾಗೇ ಹಿಡಿದುಕೊಂಡು ನಿಂತರು. ನನಗೆ ಯಾಕೋ ಅಲುಗಾಡಬಾರದು ಅನ್ನಿಸಿತು.

ಆಮೇಲೆ ಪ್ರತಿ ಸಂಜೆ ಪುಟ್ಟಯ್ಯ ಅಂಗಡಿಯಲ್ಲಿ. ಹೆಂಡತಿ ಸೆರಗು ಸಿಕ್ಕಿಸುವ ರೀತಿ, ಮಗಳು ಚಪ್ಪಲಿ ಬಚ್ಚಿಡುತ್ತಿದ್ದ ಜಾಗ, ಎಲ್ಲವನ್ನೂ ಅವರು ಹೇಳುವುದು, ದೊಡ್ಡಪ್ಪ ಬರೆಯುವುದು. ಕಾಗದ ಅಂಗಡಿಯ ಉದ್ದಕ್ಕೂ ಬೆಳೆಯಿತು. ಒಂದು ದಿನ ಮುಗಿಯಿತು ಕೂಡ. ನಾವು ಮಕ್ಕಳು ಕುಣಿದಾಡಿದೆವು. ದೊಡ್ಡಪ್ಪ ಮಾತ್ರ ಆ ಸುರುಳಿಯನ್ನು ಪೆಟ್ಟಿಗೆಯಲ್ಲಿ ಕೂರಿಸಿ, ಹಳೆಯ ಪಂಚೆಯಲ್ಲಿ ಕಟ್ಟಿ ಪುಟ್ಟಯ್ಯನ ಮುಂದಿಟ್ಟರು.

"ಆ ಮಗು ನೋಡ್ದೆ ಇದನ್ನ ಊರಿಗೆ ತೋರ್ಸಲ್ಲ. ಒಂದು ಸಲ ಕೇಳ್ದೇನೆ ಬರ್ದು ತಪ್ಪು ಮಾಡಿದ್ದು ಸಾಕು. ನೀವೇ ಹೋಗಿ ತೋರ್ಸ್ಕೊಂಡು ಬನ್ನಿ."

"ನಂಗೆ ತಿರ್ಗ್ಸಕ್ಕೆ ಬರಲ್ಲ ಅಣ್ಣ."

"ನಿಧಾನಕ್ಕೆ ತಿರ್ಗ್ಸಿ. ಸಾಕು."

ಪುಟ್ಟಯ್ಯ ಶನಿವಾರ ಬಸ್ಸು ಹತ್ತಿದರು. ದೊಡ್ಡಿಯ ಬೀಗದ ಕೈ ದೊಡ್ಡಪ್ಪನ ಬಳಿ ಉಳಿಯಿತು. ಆ ಎರಡು ದಿನ ಊರಿನ ದನಗಳು ಮನಸೋ ಇಚ್ಛೆ ಮೇಯ್ದವು. ದೊಡ್ಡಪ್ಪ ಒಂದು ಕರುವನ್ನು ಹಿಡಿಯಲು ಹೋಗಿ ಚರಂಡಿಗೆ ಬಿದ್ದದ್ದನ್ನು ನಾನು ಯಾರಿಗೂ ಹೇಳಿಲ್ಲ, ನಿಮಗೇ ಮೊದಲು.

ಸೋಮವಾರ ಪುಟ್ಟಯ್ಯ ಒಬ್ಬರೇ ಇಳಿದರು. ಕೈಯಲ್ಲಿ ಪೆಟ್ಟಿಗೆಯೂ ಇಲ್ಲ.

"ಏನಾಯ್ತು?" ಎಂದರು ದೊಡ್ಡಪ್ಪ.

"ಜಯ ಇಟ್ಕೊಂಡ್ಲು." ಮಗಳ ಹೆಸರನ್ನು ಅವರು ನಮ್ಮ ಮುಂದೆ ಆಡಿದ್ದು ಅದೇ ಮೊದಲು. "ಅದ್ರಲ್ಲಿ ಬೇಕಾದಷ್ಟು ತಪ್ಪು ಅವೆಯಂತೆ. ಅವಳೇ ತಿದ್ದಿ, ಬೇಸಿಗೆ ರಜಕ್ಕೆ ತರ್ತಾಳಂತೆ." ಹೇಳುತ್ತಾ ಹೇಳುತ್ತಾ ಅವರ ಮೀಸೆಯ ಕೆಳಗೆ ನಗು ಹುಟ್ಟಿತು.

ಬೇಸಿಗೆಗೆ ತಾಯಿ ಮಗಳು ಇಬ್ಬರೂ ಬಂದರು. ಜಯ ನನಗಿಂತ ಒಂದು ಬೆರಳು ಎತ್ತರವಿದ್ದಳು. ಅದನ್ನು ಒಪ್ಪಿಕೊಳ್ಳಲು ನನಗೆ ಒಂದು ವಾರ ಹಿಡಿಯಿತು. ಭಾನುವಾರ ಪೆಟ್ಟಿಗೆಯ ಹಿಡಿ ಹಿಡಿದವಳು ಅವಳೇ, ದನಿಯೂ ಅವಳದೇ. ಅವಳ ಮೆಲ್ಲಯ್ಯ ಒಲೆಯ ಮುಂದೆ ಕೂತು ಒಂದೇ ಸಮನೆ ಮಾತಾಡುತ್ತಿದ್ದ. ಎಮ್ಮೆಗಳ ವಿಷಯ, ಪೇಟೆಯ ವಿಷಯ, ನಮ್ಮೆಲ್ಲರ ವಿಷಯ. ನಾವು ಇಂಥದ್ದನ್ನು ನಿರೀಕ್ಷಿಸಿರಲಿಲ್ಲ.

"ಮೆಲ್ಲಯ್ಯ ಇಷ್ಟೆಲ್ಲ ಮಾತಾಡಲ್ಲ" ಎಂದು ಯಾರೋ ತಕರಾರು ಎತ್ತಿದರು.

ಜಯ ಹಿಡಿ ನಿಲ್ಲಿಸಲಿಲ್ಲ. "ನಮ್ಮ ಮನೇಲಿ ಮಾತಾಡ್ತಾರೆ. ಎರಡು ದಿನ ಮಾತಾಡಿದ್ರು."

ಬಾಗಿಲ ಬಳಿ ನಿಂತಿದ್ದ ಅವಳ ತಾಯಿ ಸೆರಗನ್ನು ಬಾಯಿಗೆ ಒತ್ತಿಕೊಂಡು ನಕ್ಕರು. ಆ ಪಾಪದ ಹೆಂಗಸಿನ ಕಣ್ಣಲ್ಲಿ ನೀರೂ ಇತ್ತು. ರಜ ಮುಗಿದರೂ ಅವರು ಬಸ್ಸು ಹತ್ತಲಿಲ್ಲ. ಶಾಲೆ ತೆರೆದಾಗ ಜಯಳ ಹೆಸರು ನಮ್ಮ ಶಾಲೆಯ ಹಾಜರಿ ಪುಸ್ತಕದಲ್ಲಿತ್ತು. ಭಾವಂದಿರು ಒಮ್ಮೆ ಬಂದು ಕೂಗಾಡಿ ಹೋದರು. ಅವರಿಗೆ ಎದುರು ಮಾತಾಡಿದ್ದು ಪುಟ್ಟಯ್ಯನೇ ಎಂದು ದೊಡ್ಡಮ್ಮ ಬಹಳ ದಿನ ಹೇಳಿಕೊಂಡು ಖುಷಿಪಟ್ಟರು. ಊರು ಪುಟ್ಟಯ್ಯನನ್ನು ಬೈಯುವುದನ್ನೇನೂ ಬಿಡಲಿಲ್ಲ. ದನ ಹಿಡಿದ ದಿನ ಬೈಯಿತು, ಉಳಿದ ದಿನ ಮನೆಯವರ ಯೋಗಕ್ಷೇಮ ಕೇಳಿತು.

ಇದೆಲ್ಲ ನೆನಪಾಗಿ ನಿನ್ನೆ ಸಂಜೆ ಕೈ ಒರೆಸಿಕೊಂಡು ಹೊರಗೆ ಬಂದೆ. ಟಿವಿಯಲ್ಲಿ ಮತ್ತೆ 'ಶೀಘ್ರದಲ್ಲೇ' ಎಂದು ಬರುತ್ತಿತ್ತು. ನಾನು ಸೋಫಾದಲ್ಲಿ ಕೂತದ್ದು ಕಂಡು ಮೊಮ್ಮಗಳಿಗೆ ಆಶ್ಚರ್ಯವಾಯಿತು.

"ಅಜ್ಜಿ, ಈ ಅಂಕಲ್ ನಿಜವಾಗ್ಲೂ ಇದ್ದಾರಾ?"

"ಎಲ್ಲೋ ಇರ್ತಾರೆ ಕಣೆ."

ಅವಳು ನನ್ನ ಕಡೆ ತಿರುಗಿದಳು. "ಹಾಗಾದ್ರೆ ಅವ್ರೂ ಇದನ್ನ ನೋಡ್ತಾರಾ?"

ಸ್ವಲ್ಪ ಸರಿದುಕೊಳ್ಳಲು ಹೇಳಿ ಅವಳಿಗೆ ಒತ್ತಿ ಕೂತೆ. ಸೋಮವಾರ ಶುರುವಂತೆ. ಆ ಹೊತ್ತಿಗೆ ನಾನು ಅಡುಗೆಮನೆಯಲ್ಲಿದ್ದರೆ ತಪ್ಪದೆ ಕರೆಯಬೇಕೆಂದು ಹೇಳಿಟ್ಟಿದ್ದೇನೆ.