ರೊಟ್ಟಿ ಬುಟ್ಟಿಯಲ್ಲಿ ಫೋನು

ನದಾಫ ಸರ್ ಪಾಠ ಮಾಡುವಾಗ ಅವರ ಅಂಗಿಯ ಕಿಸೆ ಕೂಗುತ್ತಿತ್ತು. ಹಳೇ ಕಾಲದ ತಂತಿ ಫೋನಿನಂಥ ಟ್ರಿಣ್ ಟ್ರಿಣ್ ಸದ್ದು, ಆಚೆ ಓಣಿಯವರೆಗೂ ಕೇಳಿಸುವಷ್ಟು ಜೋರು. ಬೇರೆ ಯಾರಾದರೂ ಆಗಿದ್ದರೆ ನಾಚಿಕೊಂಡು ಕಿಸೆ ಒತ್ತಿ ಹಿಡಿಯುತ್ತಿದ್ದರು. ಇವರು ಅರ್ಧ ಬರೆದ ಸೂತ್ರವನ್ನು ಹಲಗೆಯ ಮೇಲೆ ಹಾಗೇ ಬಿಟ್ಟು, ಸೀಮೆಸುಣ್ಣದ ಕೈಯಲ್ಲೇ ಫೋನು ಎತ್ತಿ, "ಹೇಳ್ರಿ, ಯಾರ ಮನಿಯವ್ರು?" ಎನ್ನುತ್ತಿದ್ದರು. ಆ ಕಡೆಯಿಂದ ಯಾವುದೋ ಅಜ್ಜಿ, ಮೊಮ್ಮಗ ಬರುವಾಗ ಗಿರಣಿಯಿಂದ ಹಿಟ್ಟು ತರಲಿ ಎಂದಿರುತ್ತಿದ್ದಳು. ಸರ್ ಅದನ್ನು ಇಡೀ ತರಗತಿಯ ಮುಂದೆ ಗಂಭೀರವಾಗಿ ಹೇಳಿ, ಮೊಮ್ಮಗನಿಂದ ಹೂಂ ಅನ್ನಿಸಿ, ಅಜ್ಜಿಗೆ "ಮುಟ್ಟಿಸೀನ್ರಿ" ಎಂದು ತಿಳಿಸಿ ಮತ್ತೆ ಸೂತ್ರಕ್ಕೆ ಬರುತ್ತಿದ್ದರು. ನಾವೆಲ್ಲ ನಗುತ್ತಿದ್ದೆವು. ನಾನೂ ನಗುತ್ತಿದ್ದೆ ಎಂಬುದು ಈಗ ನೆನಪಾದರೆ ಮೈ ಹಿಡಿಯಷ್ಟಾಗುತ್ತದೆ, ಯಾಕೆಂದರೆ ಆ ಫೋನು ಹಾಗೆ ಕೂಗಲು ಶುರುವಾದದ್ದು ನಮ್ಮ ಮನೆಯ ದೆಸೆಯಿಂದ.

ನಮ್ಮೂರು ಮುಂಡರಗಿ ತಾಲ್ಲೂಕಿನದು, ಹಿರೇವಡ್ಡಟ್ಟಿಯ ಕಡೆ ಹೋಗುವಾಗ ಸಿಗುವ ಸಣ್ಣ ಹಳ್ಳಿ. ಸರ್ ಲಕ್ಷ್ಮೇಶ್ವರದವರು. ಮುಂಡರಗಿಯಲ್ಲಿ ಒಂದು ಖೋಲಿ ಹಿಡಿದುಕೊಂಡು, ತಾವೇ ಅಡುಗೆ ಮಾಡಿಕೊಂಡು, ಶನಿವಾರ ಶಾಲೆ ಬಿಟ್ಟ ಕೂಡಲೇ ಊರಿಗೆ ಹೋಗುತ್ತಿದ್ದರು. ನಮಗೆ ವಿಜ್ಞಾನ ಹೇಳುತ್ತಿದ್ದರು. ಅವರು ಬಡಿದ ರೊಟ್ಟಿ ಯಾವತ್ತೂ ದುಂಡಗೆ ಬಂದದ್ದಿಲ್ಲ. ಮಧ್ಯಾಹ್ನ ಡಬ್ಬಿಯ ಮುಚ್ಚಳ ತೆಗೆದು, "ಇವತ್ತು ಯಾವ ದೇಶದ ನಕಾಶಿ ಆಗೇತಿ ನೋಡ್ರಿ" ಎಂದು ನಮಗೇ ತೋರಿಸುತ್ತಿದ್ದರು. ಪಾಠದಲ್ಲಿ ಅವರಿಗೆ ಇದ್ದದ್ದು ಒಂದೇ ಹಟ: "ನಾ ಹೇಳೀನಂತ ನಂಬಬ್ಯಾಡ್ರಿ. ಕಣ್ಣಿಲೆ ನೋಡಿ ನಂಬ್ರಿ." ಆದರೆ ನೋಡುವುದಕ್ಕೆ ಶಾಲೆಯಲ್ಲಿ ಏನಿತ್ತು? ಇದ್ದ ಒಂದು ಸೂಕ್ಷ್ಮದರ್ಶಕದ ಗಾಜು ಒಡೆದು ಯಾವ ಕಾಲವಾಗಿತ್ತೋ.

ಕೊರೊನಾ ಮುಗಿದು ಶಾಲೆ ತೆರೆದಾಗ ನಾನು ಒಂಬತ್ತನೆಯ ತರಗತಿ. ಶಾಲೆ ಮುಚ್ಚಿದ್ದಷ್ಟು ದಿನ ಫೋನಿನಲ್ಲೇ ಕಲಿಯಿರಿ ಎಂದು ಮನೆಮನೆಗೆ ಹೇಳಿ ಹೋಗಿದ್ದವರೇ, ತೆರೆದ ಮೇಲೆ ಫೋನು ತಂದರೆ ಕಿತ್ತಿಡುತ್ತೇವೆ ಎಂದರು. ನದಾಫ ಸರ್ ಮಾತ್ರ ಹೆಡ್‌ಮಾಸ್ತರರ ಬೆನ್ನು ಬಿದ್ದು, ವಾರದಲ್ಲಿ ಬುಧವಾರ ಒಂದು ದಿನಕ್ಕೆ ಒಪ್ಪಿಗೆ ಪಡೆದುಕೊಂಡರು. ಯಾರ ಮನೆಯಲ್ಲಿ ಟಚ್ ಫೋನು ಇದೆಯೋ ಅವರು ತರಬೇಕು, ಇಲ್ಲದವರು ಇದ್ದವರ ಜೊತೆ ಕೂಡಬೇಕು. ಕ್ಯಾಮೆರಾದ ಗಾಜಿನ ಮೇಲೆ ಒಂದು ಹನಿ ನೀರು ಬಿಟ್ಟು, ಫೋನನ್ನು ಮೆಲ್ಲಗೆ ಬೋರಲು ಮಾಡಿ ಎಲೆಯ ಮೇಲೆ ಹಿಡಿಯುವುದನ್ನು ಅವರು ಕಲಿಸಿದರು. ಆ ಹನಿಯೇ ಭೂತಗನ್ನಡಿ. ಬೇವಿನ ಎಲೆಯ ನರಗಳು, ಇರುವೆಯ ಕಾಲಿನ ಕೂದಲು, ಉಳ್ಳಾಗಡ್ಡಿಯ ಪೊರೆಯಲ್ಲಿ ಇಟ್ಟಿಗೆ ಜೋಡಿಸಿದ ಹಾಗೆ ಮಸುಕು ಮಸುಕಾದ ಗೆರೆಗಳು. ಮೊದಲ ಸಲ ನೋಡುವಾಗ ಫೋನು ಓರೆಯಾಗಿ ಹನಿ ಜಾರಿ ಬಿತ್ತು. ಸರ್ ಬೈಯಲಿಲ್ಲ, ಇನ್ನೊಂದು ಹನಿ ಬಿಟ್ಟುಕೊಟ್ಟರು.

ತೊಂದರೆ ಎಂದರೆ, ನಾವು ತರುತ್ತಿದ್ದ ಫೋನು ನಮ್ಮದಲ್ಲ, ಮನೆಯದು. ಹೆಚ್ಚಿನ ಮನೆಗಳಲ್ಲಿ ಇದ್ದದ್ದೇ ಒಂದು. ಅದು ಶಾಲೆಗೆ ಬಂದರೆ ಮನೆಯೇ ಶಾಲೆಗೆ ಬಂದಂತೆ. ಎಲೆ ನೋಡುತ್ತಿರುವಾಗ ಒಬ್ಬನ ಕೈಯಲ್ಲಿ ಭಜನೆ ಪದ ಮೊಳಗುತ್ತಿತ್ತು, ಎತ್ತಿದರೆ ಎತ್ತಿನ ದಲ್ಲಾಳಿ. ಇನ್ನೊಬ್ಬಳ ಕೈಯಲ್ಲಿ ಕೋಳಿ ಕೂಗುತ್ತಿತ್ತು, ಎತ್ತಿದರೆ ಟ್ರ್ಯಾಕ್ಟರಿನವ. ಹೆಡ್‌ಮಾಸ್ತರರು ಬಾಗಿಲಲ್ಲಿ ನಿಂತು, ಇನ್ನೊಮ್ಮೆ ಸಪ್ಪಳ ಕೇಳಿದರೆ ಬುಧವಾರ ಬಂದ್ ಎಂದು ಹೇಳಿ ಹೋದರು. ಮರುವಾರ ಸರ್ ತಮ್ಮ ಖೋಲಿಯಿಂದ ರೊಟ್ಟಿ ಬುಟ್ಟಿ ತಂದರು. ಒಳಗೆ ಹಳೇ ಟವೆಲ್ಲು ಹಾಸಿದ್ದರು. ಬೆಳಿಗ್ಗೆ ಪ್ರಾರ್ಥನೆ ಆದ ಮೇಲೆ ಎಲ್ಲ ಫೋನುಗಳ ಸದ್ದು ಬಂದ್ ಮಾಡಿ ಬುಟ್ಟಿಗೆ ಹಾಕಬೇಕು, ಬುಟ್ಟಿ ಕಪಾಟಿನಲ್ಲಿ ಬೀಗದೊಳಗೆ, ಕೊನೆಯ ಪಿರಿಯಡ್ಡಿಗೆ ಹೊರಗೆ. "ಬಾಯಿ ಮುಚ್ಚಿಸಿ ಮಲಗಿಸ್ರಿ ಅವನ್ನ" ಎನ್ನುತ್ತಿದ್ದರು. ಬುಧವಾರ ಉಳಿಯಿತೆಂದು ನಮಗೆಲ್ಲ ಖುಷಿ.

ನಮ್ಮ ಆಯಿ, ಅಂದರೆ ಅಪ್ಪನ ತಾಯಿ, ಆಗ ಶಿರಹಟ್ಟಿಯ ಕಡೆಯ ಹಳ್ಳಿಯಲ್ಲಿ ಕಾಕಾನ ಮನೆಯಲ್ಲಿದ್ದಳು. ಹೊಲದ ಪಾಲಿನ ಮಾತಿಗೆ ಅಪ್ಪನಿಗೂ ಕಾಕಾನಿಗೂ ಮಾತು ನಿಂತಿತ್ತು. ಬೇಸಿಗೆಗೆ ಮುಂಚಿನ ಒಂದು ಬುಧವಾರ, ನಾನು ಶಾಲೆಗೆ ಹೊರಟ ಮೇಲೆ ಆಯಿ ತೀರಿಕೊಂಡಳು. ಕಾಕಾನ ಮನೆಯಿಂದ ಫೋನು ಬಂತು, ಬರುತ್ತಲೇ ಇತ್ತು. ಅಪ್ಪ ಹೊಲದಲ್ಲಿ. ಫೋನು ಸರ್ ಅವರ ಕಪಾಟಿನಲ್ಲಿ, ಟವೆಲ್ಲಿನ ಮೇಲೆ.

ಕೊನೆಯ ಪಿರಿಯಡ್ಡಿಗೆ ಬುಟ್ಟಿ ಹೊರಗೆ ತೆಗೆದಾಗ ನಮ್ಮ ಫೋನು ಬೆಳಗುತ್ತಿತ್ತು. ಸರ್ ಎತ್ತಿ ಕಿವಿಗಿಟ್ಟುಕೊಂಡರು. ಕೇಳುತ್ತ ಕೇಳುತ್ತ ಅವರ ಮುಖ ಬದಲಾಯಿತು. ನನಗೆ ಏನೂ ಹೇಳದೆ ಹೆಡ್‌ಮಾಸ್ತರರ ಬೈಕು ಇಸಿದುಕೊಂಡು, ನನ್ನನ್ನು ಹಿಂದೆ ಕೂರಿಸಿಕೊಂಡು ಹೊಲಕ್ಕೆ ಬಂದರು. ಅಪ್ಪ ಬದುವಿನಲ್ಲಿ ನಿಂತು ಸುದ್ದಿ ಕೇಳಿದ. ನಾನು ನಡೆದು ಮನೆಗೆ ಬಂದೆ, ಅವರಿಬ್ಬರೂ ಅದೇ ಬೈಕಿನಲ್ಲಿ ಶಿರಹಟ್ಟಿಯ ದಾರಿ ಹಿಡಿದರು.

ಮುಂದಿನದನ್ನು ನಾನು ಕಾಕಿಯ ಬಾಯಿಂದ ಕೇಳಿದ್ದು. ಅವರು ಮುಟ್ಟುವಷ್ಟರಲ್ಲಿ ಮಣ್ಣು ಮುಗಿದಿತ್ತು. ಅಪ್ಪ ತಾಯಿಯ ಮುಖ ನೋಡಲಿಲ್ಲ, ಒಂದು ಹಿಡಿ ಮಣ್ಣು ಹಾಕಲಿಲ್ಲ. ಹಿರಿಯರು ಮಧ್ಯಾಹ್ನದವರೆಗೆ ಕಾದು, ರಿಂಗ್ ಆಗುತ್ತಿದೆ, ಎತ್ತುತ್ತಿಲ್ಲ ಎಂದರೆ ಬರುವ ಮನಸ್ಸಿಲ್ಲ ಎಂದು ತೀರ್ಮಾನಿಸಿದ್ದರು. ನಮ್ಮ ಕಡೆ ಫೋನು ಹೊಡೆದುಕೊಂಡು ಎತ್ತದೆ ಹೋದರೆ ಅದಕ್ಕೆ ಬೇರೆ ಅರ್ಥವಿಲ್ಲ. ಅದು ಮುಖ ತಿರುಗಿಸಿದಂತೆ. ಹೆತ್ತ ತಾಯಿಯ ಮೇಲೂ ಇಷ್ಟು ಸಿಟ್ಟೇ ಎಂದು ಅಪ್ಪನ ಮುಂದೆಯೇ ಯಾರೋ ಅಂದರಂತೆ. ಆಗ ಸರ್, ಆ ಊರಿನಲ್ಲಿ ಒಬ್ಬರ ಗುರುತೂ ಇಲ್ಲದವರು, ಮಂದಿಯ ನಡುವೆ ಬಂದು ನಿಂತು ಹೇಳಿದರಂತೆ:

"ಫೋನು ನನ್ನ ಕಪಾಟಿನ್ಯಾಗ ಇತ್ತರಿ. ಆವಾಜು ಬಂದ್ ಮಾಡ್ಸಿದಾಂವ ನಾನು. ಇವರು ಎತ್ತಲಿಲ್ಲ ಅಂತ ಯಾರೂ ಅನಬ್ಯಾಡ್ರಿ."

ಕೆಲವರು ನಂಬಿದರು, ಕೆಲವರು ನಂಬಲಿಲ್ಲ. ಅಪ್ಪ ಬಸ್ಸಿನಲ್ಲಿ ಊರಿಗೆ ಬಂದ. ಸರ್ ಬೈಕಿನ ಪಕ್ಕ ಕಾಯುತ್ತ ನಿಂತಿದ್ದರೂ ಹತ್ತಲಿಲ್ಲವಂತೆ.

ಮರುವಾರ ರೊಟ್ಟಿ ಬುಟ್ಟಿ ಮೇಜಿನ ಮೇಲಿತ್ತು, ಕಪಾಟಿಗೆ ಹೋಗಲಿಲ್ಲ. ಇನ್ನು ಯಾರೂ ಸದ್ದು ಬಂದ್ ಮಾಡಬಾರದು, ಯಾರ ಫೋನು ಬಂದರೂ ಎತ್ತಲೇಬೇಕು ಎಂದರು ಸರ್. ಬುಧವಾರವಷ್ಟೇ ಅಲ್ಲ, ಉಳಿದ ದಿನವೂ ಮನೆಯವರಿಗೆ ಮಕ್ಕಳು ಸಿಗಬೇಕೆಂದು ಸಂಜೆ ಸಂಜೆ ಓಣಿ ತಿರುಗಿ ಎಲ್ಲರ ಮನೆಗೂ ತಮ್ಮ ನಂಬರು ಕೊಟ್ಟರು, ಎಲ್ಲರ ನಂಬರೂ ಬರೆದುಕೊಂಡರು. ಅಂದಿನಿಂದ ಅವರ ಕಿಸೆ ಕೂಗತೊಡಗಿತು. ಇದು ಶಾಲೆಯೋ ಎಸ್‌ಟಿಡಿ ಬೂತೋ ಎಂದು ಹೆಡ್‌ಮಾಸ್ತರರು ರೇಗಿದರು. ಎರಡೂ ಹೌದ್ರಿ ಎಂದು ಸರ್ ತಣ್ಣಗೆ ಹೇಳಿದರು. ಒಮ್ಮೆ ತಪಾಸಣೆಗೆ ಬಂದ ಸಾಹೇಬರು ಹಿಂದಿನ ಬೆಂಚಿನಲ್ಲಿ ಕುಳಿತು ಪಾಠ ಕೇಳುತ್ತಿದ್ದಾಗಲೂ ಅದು ಹೊಡೆದುಕೊಂಡಿತು. ಸರ್ ಎತ್ತಿ ಮಾತಾಡಿ, ಒಬ್ಬ ಹುಡುಗನಿಗೆ ಅವರ ಮನೆಯ ಆಡು ಈದ ಸುದ್ದಿ ಮುಟ್ಟಿಸಿದರು. ಸಾಹೇಬರು ಹುಬ್ಬು ಗಂಟಿಕ್ಕಿ ಏನದು ಎಂದು ಕೇಳಿದರು.

"ಎರಡು ಮರಿ ಅಂತ್ರಿ, ಎರಡೂ ಹೆಣ್ಣು" ಎಂದರು ಸರ್. ಸಾಹೇಬರಿಗೂ ನಗು ತಡೆಯಲಾಗಲಿಲ್ಲ.

ನಮ್ಮ ಅಪ್ಪ ಮಾತ್ರ ಆಯಿ ಹೋದ ಮೇಲೆ ಫೋನು ಶಾಲೆಗೆ ಒಯ್ಯಲು ಬಿಡಲಿಲ್ಲ. ಬುಧವಾರ ನಾನು ಬರಿಗೈಯಲ್ಲಿ ಕುಳಿತರೆ ಸರ್ ತಮ್ಮ ಫೋನನ್ನೇ ನನ್ನ ಮುಂದೆ ಇಡುತ್ತಿದ್ದರು. "ನೀ ನಂದು ಹಿಡಿಯವಾ" ಎನ್ನುತ್ತಿದ್ದರು, ಅಷ್ಟೇ. ಹನಿ ಬಿಟ್ಟುಕೊಂಡು ನೋಡುತ್ತಿರುವಾಗ ಅದು ಹೊಡೆದುಕೊಂಡರೆ ಹನಿ ಚೆಲ್ಲಿದರೂ ಸರಿ, ನಾನು ಓಡಿ ಹೋಗಿ ಅವರ ಕೈಗೆ ಕೊಡಬೇಕು. ಫೋನು ಕೊಡುವಾಗ ಅವರು ನನ್ನ ಮುಖವನ್ನು ಒಂದು ಗಳಿಗೆ ನೋಡುತ್ತಿದ್ದರು. ಅಪ್ಪ ಏನಂದ ಎಂದು ಕೇಳಬೇಕೆಂದಿತ್ತೋ ಏನೋ, ಒಮ್ಮೆಯೂ ಕೇಳಲಿಲ್ಲ. ನಾನೂ ಹೇಳಲಿಲ್ಲ.

ಹೇಳುವಂಥದ್ದು ಏನಿತ್ತು? ಅಪ್ಪ ಅವರನ್ನು ಒಂದು ದಿನವೂ ಬೈದವನಲ್ಲ. ಮಾಡಿದ್ದು ಇಷ್ಟೇ. ಯುಗಾದಿಗೆ, ಆಯಿಯ ವರ್ಷದ ದಿನಕ್ಕೆ, ಒಮ್ಮೊಮ್ಮೆ ಸುಮ್ಮನೆ, ಸರ್ ಫೋನು ಮಾಡುತ್ತಿದ್ದರು. ಅಪ್ಪ ಹೆಸರು ನೋಡಿ ಫೋನನ್ನು ಬೋರಲು ಹಾಕಿ ಗೋಡೆಯ ಗೂಡಿನಲ್ಲಿ ಇಡುತ್ತಿದ್ದ. "ಬಡಕೊಳ್ಳಲಿ" ಎಂದಿದ್ದ ಒಮ್ಮೆ. ಅದು ಗೂಡಿನೊಳಗೆ ಬಡಿದುಕೊಂಡು ಸುಮ್ಮನಾಗುವವರೆಗೆ ಅವ್ವ ನನ್ನ ಮುಖ ನೋಡುತ್ತಿದ್ದಳು, ನಾನು ತಾಟು ನೋಡುತ್ತಿದ್ದೆ. ನನಗೆ ಅಪ್ಪನ ಮೇಲೆ ಸಿಟ್ಟಿರಲಿಲ್ಲ. ತಾಯಿಯ ಮುಖ ನೋಡದವನ ನೋವು ಮನೆಯಲ್ಲಿದ್ದ ನಮಗೆ ಗೊತ್ತಿತ್ತು. ಆದರೆ ಬುಧವಾರ ಸರ್ ಅವರ ಫೋನನ್ನೇ ಹಿಡಿದು ಕಲಿಯುವವಳು, ಮನೆಯಲ್ಲಿ ಅದೇ ಫೋನಿನ ಕರೆ ಸಾಯಲು ಬಿಡುತ್ತಿದ್ದೆ. ಒಮ್ಮೆ ಎದ್ದು ಹೋಗಿ ಎತ್ತಿ, ಆರಾಮ ಇದ್ದೇವೆ ಸರ್ ಎಂದಿದ್ದರೆ ಅಪ್ಪ ನನ್ನನ್ನೇನು ಹೊಡೆಯುತ್ತಿರಲಿಲ್ಲ.

ಅವರನ್ನು ಕೊನೆಗೆ ನೋಡಿದ್ದು ಗದಗ ಬಸ್ ನಿಲ್ದಾಣದಲ್ಲಿ. ನಾನು ಅಲ್ಲೇ ಡಿಗ್ರಿ ಸೇರಿದ್ದೆ. ಅವರಿಗೆ ಲಕ್ಷ್ಮೇಶ್ವರದ ಹತ್ತಿರ ವರ್ಗವಾಗಿತ್ತು. ಸೊರಗಿದ್ದರು, ಕಿಸೆಯಲ್ಲಿ ಫೋನು ಇದ್ದೇ ಇತ್ತು. ಬೇಡವೆಂದರೂ ಚುರುಮುರಿಯ ಗಿರ್ಮಿಟ್ಟು ಕೊಡಿಸಿದರು. ನನ್ನ ಕೈಯಲ್ಲಿ ಹೊಸ ಫೋನು ನೋಡಿ, ಈಗ ನಿನ್ನದೇ ಆಯಿತಲ್ಲ, ಆವಾಜು ಚಾಲೂ ಇದೆಯೇನು ಎಂದು ನಕ್ಕರು. ಇದೆ ಸರ್ ಎಂದೆ. ಕಾಲೇಜಿನಲ್ಲಿ ಬಂದ್ ಮಾಡಿದ್ದು ಹಾಗೇ ಇತ್ತು. ಅವರು ಆ ಕಡೆ ನೋಡಿದಾಗ ಫೋನನ್ನು ಚೀಲಕ್ಕಿಟ್ಟು ಒಳಗೇ ಆವಾಜಿನ ಗುಂಡಿ ಒತ್ತಿದೆ. ಆಮೇಲೆ ಅವರು ಮೆಲ್ಲಗೆ ಅಪ್ಪನ ಮಾತು ತೆಗೆದರು.

"ನಿಮ್ಮ ಅಪ್ಪಾರಿಗೆ ಆಗಾಗ ಹಚ್ಚತಿರ್ತೀನಿ. ಎತ್ತೂದಿಲ್ಲ. ಎತ್ತಲಿಲ್ಲಂದ್ರೂ ನಡೀತೈತಿ. ರಿಂಗ್ ಆತು ಅಂದ್ರ ಆರಾಮ ಅದಾರ ಅಂತ ತಿಳಕೋತೀನಿ."

ನಾನು ಗಿರ್ಮಿಟ್ಟಿನ ಕಾಗದ ಮಡಚುತ್ತ ನಿಂತೆ. ಲಕ್ಷ್ಮೇಶ್ವರದ ಬಸ್ಸು ಬಂತು, ಹತ್ತಿ ಹೋದರು.

ಈ ಸಲದ ಕಾಲೇಜು ಸೂಟಿಯಲ್ಲಿ ನಾನು ಊರಲ್ಲಿದ್ದೆ. ಮಧ್ಯಾಹ್ನ ಅಪ್ಪನೂ ನಾನೂ ಉಣ್ಣುತ್ತಿದ್ದೆವು, ಫೋನು ಅಪ್ಪನ ತೊಡೆಯ ಬಳಿ ಹೊಡೆದುಕೊಂಡಿತು. ನದಾಫ ಮಾಸ್ತರ ಎಂದು ಹೆಸರು ಬಂತು. ಅಪ್ಪ ಎಡಗೈಯಿಂದ ಅದನ್ನು ಬೋರಲು ಹಾಕಿದ. ನಿಂತಿತು, ಕೂಡಲೇ ಮತ್ತೆ ಶುರುವಾಯಿತು. ಸರ್ ಯಾವತ್ತೂ ಒಮ್ಮೆ ಮಾಡಿ ಬಿಡುತ್ತಿದ್ದವರು, ಬೆನ್ನಿಗೇ ಇನ್ನೊಮ್ಮೆ ಮಾಡಿದವರಲ್ಲ. ಅದು ನನಗೆ ಹೊಳೆಯಿತು. ಹೊಳೆದರೂ ಅನ್ನಕ್ಕೆ ಮಜ್ಜಿಗೆ ಹಾಕಿಕೊಂಡು ಕಲಸಿದೆ.

ಸಂಜೆ ಹಳೇ ಗೆಳತಿಯೊಬ್ಬಳು ನನ್ನ ಫೋನಿಗೆ ಸುದ್ದಿ ಹಾಕಿದಳು. ಸರ್ ಆ ಬೆಳಿಗ್ಗೆ ಎದೆನೋವು ಬಂದು ಹೋಗಿಬಿಟ್ಟಿದ್ದರು. ಲಕ್ಷ್ಮೇಶ್ವರದಲ್ಲಿ ಮಣ್ಣೂ ಆಗಿಹೋಗಿತ್ತು. ಊಟದ ಹೊತ್ತಿಗೇ ಹೊರಟಿದ್ದರೆ ಮುಟ್ಟುತ್ತಿದ್ದೆವು. ನಾನು ಅಪ್ಪನಿಗೆ ಹೇಳಿದೆ. ಅಪ್ಪ ಗೂಡಿನಿಂದ ಫೋನು ತೆಗೆದು, ಪರದೆಯ ಮೇಲಿದ್ದ ಆ ಹೆಸರನ್ನು ಬಹಳ ಹೊತ್ತು ನೋಡಿದ. ಎತ್ತದ ಕರೆಗಳು ಕೆಂಪಗೆ ಹಾಗೇ ಇದ್ದವು.

ಮರುದಿನ ಮೊದಲ ಬಸ್ಸಿಗೆ ಇಬ್ಬರೂ ಲಕ್ಷ್ಮೇಶ್ವರಕ್ಕೆ ಹೋದೆವು. ಸರ್ ಅವರ ಮಗ ಕುಂಡ್ರಿ ಎಂದು ಕುರ್ಚಿ ಹಾಕಿದ. ಮನೆ ತುಂಬ ನೆಂಟರು. ಅಬ್ಬಾನ ಫೋನಿನಿಂದಲೇ ಅದರಲ್ಲಿದ್ದ ಎಲ್ಲ ಮನೆಗಳಿಗೂ ತಿಳಿಸಿದೆ, ಬಹಳ ಮಂದಿ ಬಂದು ಮಣ್ಣು ಕೊಟ್ಟು ಹೋದರು ಎಂದ. ನಮ್ಮ ಊರಿನವರೂ, ನಮಗೂ ಫೋನು ಬಂದೇ ಇರುತ್ತದೆ ಎಂದುಕೊಂಡು, ಟೆಂಪೋ ಮಾಡಿಕೊಂಡು ಬಂದಿದ್ದರಂತೆ. ಅವನು ಮಾತಾಡುತ್ತಿರುವಾಗಲೇ ಒಳಗೆ ಆ ಟ್ರಿಣ್ ಟ್ರಿಣ್ ಕೇಳಿಸಿತು. ಅಪ್ಪ ತಟ್ಟನೆ ಒಳಬಾಗಿಲ ಕಡೆ ತಿರುಗಿದ. ಒಳಗೆ ಯಾರೋ ಎತ್ತಿದರು.

"ನಿಮಗೂ ಹಚ್ಚಿದ್ನಿರಿ ಕಾಕಾರ" ಎಂದ ಮಗ. "ಹೊಲದಾಗ ಇದ್ರೇನೋ, ಕೇಳಿಸಿರಾಕಿಲ್ಲ ಬಿಡ್ರಿ."

ಹೂಂ ಎಂದುಬಿಟ್ಟಿದ್ದರೆ ಅಲ್ಲಿಗೆ ಮುಗಿಯುತ್ತಿತ್ತು. ಅಪ್ಪ ಕುರ್ಚಿಯಿಂದ ಎದ್ದು, ಆ ನೆಂಟರೆಲ್ಲರ ನಡುವೆ ನಿಂತ.

"ಇಲ್ಲ ತಮ್ಮಾ. ಫೋನು ನನ್ನ ಕೈಯಾಗ ಇತ್ತು. ನಾನ ಎತ್ತಲಿಲ್ಲ."

ಫೋನು ಹೊಡೆದುಕೊಂಡಾಗ ಪಕ್ಕದಲ್ಲಿ ನಾನೂ ಇದ್ದೆ ಎಂದು ಹೇಳಬೇಕಿತ್ತು. ನನ್ನ ಬಾಯಿಂದ ಅದು ಬರಲಿಲ್ಲ.