ಹದಿನೆಂಟು ಸೆಕೆಂಡಿನ ಕುರಿ

ಆರೋಪ ಹೊರಿಸಿದವನೇ ಅದನ್ನು ಸಾಬೀತು ಮಾಡಬೇಕು. ಹುಮನಾಬಾದಿನ ಕಾಲೇಜಿನಲ್ಲಿ ಚರ್ಚಾಸ್ಪರ್ಧೆಗೆ ನಿಂತಾಗ ನನಗೆ ಕಲಿಸಿದ ಮೊದಲ ಪಾಠ ಇದು. ಸುಳ್ಳು. ಫೋನು ಎತ್ತಿ ಹಿಡಿದವನು ಏನನ್ನೂ ಸಾಬೀತು ಮಾಡಬೇಕಾಗಿಲ್ಲ.

ನಮ್ಮ ಕಾಕಾ ಮೋರಖಂಡಿಯಲ್ಲಿ ಕುರಿ ಕಾಯುತ್ತಾನೆ. ಕಳೆದ ಮಳೆಗಾಲದಲ್ಲಿ ಒಂದು ಕುರಿ ನೆನೆದ ಸೋಯಾ ಎಲೆ ತಿಂದು ಹೊಟ್ಟೆ ಉಬ್ಬಿಸಿಕೊಂಡಿತು. ಅಂಥ ಕುರಿಯ ಬಾಯಿಗೆ ಅಡ್ಡಲಾಗಿ ಕೋಲು ಕಟ್ಟುತ್ತಾರೆ; ಅದನ್ನು ಅಗಿಯುತ್ತ ಅಗಿಯುತ್ತ ತೇಗಿದರೆ ಗಾಳಿ ಹೊರಬಿದ್ದು ಜೀವ ಉಳಿಯುತ್ತದೆ. ಕಾಕಾ ರಸ್ತೆ ಬದಿಯಲ್ಲೇ ಕೋಲು ಕಟ್ಟಿ, ಮೊಣಕಾಲಿನಿಂದ ಹೊಟ್ಟೆ ಒತ್ತಿದ. ಬೈಕಿನವನೊಬ್ಬ ನಿಂತು ಹದಿನೆಂಟು ಸೆಕೆಂಡು ವಿಡಿಯೊ ತೆಗೆದ. ಏನಾಗಿದೆ ಎಂದು ಕೇಳಲಿಲ್ಲ. ಕುರಿ ತೇಗುವ ಮೊದಲೇ ಹೋದ. ಸಂಜೆ ನನ್ನ ಫೋನಿಗೂ ಬಂತು: ಮೂಕ ಪ್ರಾಣಿಯ ಮೇಲೆ ರಾಕ್ಷಸನ ಕ್ರೌರ್ಯ. ಹಿಂದೆ ಅಳುವ ಕೊಳಲು ಬೇರೆ.

ಬಸವಕಲ್ಯಾಣ ಬಸ್‌ಸ್ಟ್ಯಾಂಡಿನಲ್ಲಿ ಯಾರೋ ಕಾಕಾನ ಗುರುತು ಹಿಡಿದು, "ನಮ್ಮ ಬಾಯಿಗಿ ಕೋಲು ಹಾಕಬ್ಯಾಡ್ರಿ ಮತ್ತ" ಎಂದು ನಕ್ಕರಂತೆ. ಅದನ್ನು ಅವನು ನುಂಗಿಕೊಂಡ. ಆದರೆ ಪ್ರತಿವರ್ಷ ಗೊಬ್ಬರಕ್ಕೆಂದು ತನ್ನ ಹೊಲದಲ್ಲಿ ರಾತ್ರಿ ಹಿಂಡು ತರುಬಿಸಿ ಮಲಗಿಸಿಕೊಳ್ಳುತ್ತಿದ್ದ ಕೊಹಿನೂರಿನ ರೈತ ಈ ಸಲ ಬೇಡ ಅಂದ. ಅವನು ಬೇಡ ಅಂದರೆ ಸುತ್ತಲಿನವರೂ ಬೇಡ ಅನ್ನುತ್ತಾರೆ. ಹಿಂಡು ಎಲ್ಲಿ ನಿಲ್ಲಬೇಕು?

ನಾವೂ ಒಂದು ವಿಡಿಯೊ ಮಾಡೋಣ, ಯಾವುದಾದರೂ ಕುರಿ ಹಿಡಿದು ಕೋಲು ಕಟ್ಟಿ ತೋರಿಸು ಎಂದು ಕಾಕಾನಿಗೆ ಹೇಳಿದೆ. ಜಾಣತನ ನನ್ನದು!

"ಏನೂ ಆಗಲಾರದ ಕುರಿ ಬಾಯಾಗ ಕೋಲು ಯಾಕ ಇಡ್ಲಿ ತಂಗಿ? ಆವಾಗ ಅಂವ ಅಂದದ್ದು ಖರೇನ ಆಗ್ತದಲ್ಲ."

ವಿಡಿಯೊದ ಮಾತು ಕೈಬಿಟ್ಟೆ. ಬದುಕಿದ ಆ ಕುರಿಯನ್ನೇ ಟಂಟಂ ಆಟೋದಲ್ಲಿ ಹಾಕಿಕೊಂಡು ಇಬ್ಬರೂ ಕೊಹಿನೂರಿಗೆ ಹೋದೆವು. ರೈತನ ಅಂಗಳದಲ್ಲಿ ಅದು ಅವನದೇ ಜೋಳದ ಕಣಿಕೆ ಮೆಲ್ಲುತ್ತ ನಿಂತಿತು. ನಾನು ನಡೆದದ್ದೆಲ್ಲ ಹೇಳಿದೆ. ಅವನು ಫೋನು ತೆಗೆದು ಅದೇ ವಿಡಿಯೊ ಹಚ್ಚಿದ, ಬೆರಳಿನಿಂದ ದೊಡ್ಡದು ಮಾಡಿದ, ಕುರಿಯ ಹರಿದ ಎಡಗಿವಿಯನ್ನು ಅದರಲ್ಲಿ ಹುಡುಕಿದ. ಎರಡು ಮಾರು ದೂರದಲ್ಲಿದ್ದ ಕುರಿಯನ್ನು ಒಮ್ಮೆ ಮುಟ್ಟಿಯೂ ನೋಡಲಿಲ್ಲ.

"ಇದರಾಗ ಕಿವಿ ಕಾಣವಲ್ದು. ಇದ ಆ ಕುರಿ ಅಂತ ಹ್ಯಾಂಗ ನಂಬ್ಲಿ? ಮುಂದಿಂದು ವಿಡಿಯೊ ಅದ ಏನು?"

"ಇಲ್ರಿ," ಅಂದ ಕಾಕಾ. "ಕುರಿ ಅದ."

ರೈತ ಮತ್ತೆ ಫೋನಿನತ್ತ ಬಗ್ಗಿದ. ಕಾಕಾ ಹಗ್ಗ ಹಿಡಿದು ಹೊರಟ. ಬಾಯಲ್ಲಿನ ಕಣಿಕೆ ಅಗಿಯುತ್ತಲೇ ಕುರಿ ಅವನ ಹಿಂದೆ ನಡೆಯಿತು.