ಇನ್ನೊಂದೇ ಒಂದು, ಕಣ್ಣು

ಪಂದ್ಯ ನಡೆಯುವಾಗ ಮಾದಣ್ಣ ಚೆಂಡನ್ನು ನೋಡುತ್ತಿರಲಿಲ್ಲ. ಆಡಲು ಕರೆಯದೆ ಬೆಂಚಿನ ಮೇಲೆ ಕೂರಿಸಿದ ಆಟಗಾರನನ್ನು ನೋಡುತ್ತಿದ್ದರು. "ಗೆದ್ದೋನ್ನ ಎಲ್ಲಾ ಚಾನೆಲ್‌ನೋರೂ ತೋರಿಸ್ತಾರೆ ಲೇ. ಕುಂತೋನ ಮುಖ ತೆಗಿ," ಎನ್ನುತ್ತಿದ್ದರು. ಹನ್ನೊಂದು ವರ್ಷ ನಾನು ಅವರ ಕ್ಯಾಮೆರಾ ಹಿಡಿದೆ.

ಮಾದಣ್ಣ ತಮಿಳುನಾಡಿನ ಸೇಲಂ ಬಳಿಯ ನಂಗವಳ್ಳಿ ಕಡೆಯ ಕನ್ನಡದವರು. ವಾಲಿಬಾಲ್ ಪಂದ್ಯಗಳಿಗೆ ಮೈಕಿನಲ್ಲಿ ಕೂಗುತ್ತಿದ್ದವರು, ಸೇಲಂನ ತಮಿಳು ಚಾನೆಲ್ ಒಂದಕ್ಕೆ ಆಟಗಾರರ ಕಥೆಗಳನ್ನು ನಿರ್ದೇಶಿಸುವವರಾದರು. ಬರೆಯುವುದು ತಮಿಳಿನಲ್ಲಿ, ನನ್ನನ್ನು ಬೈಯುವುದು ಕನ್ನಡದಲ್ಲಿ. "ತಮಿಳಲ್ಲಿ ಬೈದ್ರೆ ಆಫೀಸ್ನೋರಿಗೆ ಗೊತ್ತಾಗ್ತೈತೆ. ನಿನ್ ಮಾನ ಕಾಪಾಡ್ತಾವ್ನಿ," ಎಂದು ನಗುತ್ತಿದ್ದರು.

ಪಾಲಕೋಡ್ ಹತ್ತಿರದ ಟೊಮೆಟೊ ಬೆಳೆಯುವ ಮನೆಯ ಹುಡುಗಿ ಲಕ್ಷ್ಮಿ, ಓಟಗಾರ್ತಿ. ರಾಜ್ಯ ತಂಡದ ಆಯ್ಕೆಗೆ ಎಂಟು ದಿನವಿತ್ತು. ತೊಪ್ಪೂರು ಘಾಟಿಯ ಪಕ್ಕದ ಏರುದಾರಿಯಲ್ಲಿ ಅವಳ ಓಟವನ್ನು ಚಿತ್ರೀಕರಿಸುತ್ತಿದ್ದೆವು. ಎರಡು ಸಲ ಗಾಡಿಗಳು ಪೂರ್ತಿ ಅಡ್ಡ ಬಂದವು, ಮೂರನೆಯ ಸಲ ಕೊನೆಯಲ್ಲಿ ಮಾತ್ರ.

"ಅಣ್ಣಾ, ತೊಡೆ ಇಡ್ಕಂತೈತೆ," ಎಂದಳು.

"ಇನ್ನೊಂದೇ ಒಂದು, ಕಣ್ಣು," ಎಂದರು ಮಾದಣ್ಣ. ಎಳೆಯರನ್ನು ಅವರು ತಮಿಳರ ಹಾಗೆ ಮುದ್ದಿನಿಂದ 'ಕಣ್ಣು' ಎಂದೇ ಕರೆಯುತ್ತಿದ್ದರು.

ಮೂರನೆಯದೇ ಸಾಕಿತ್ತು. ನನಗೆ ಗೊತ್ತಿತ್ತು, ಹೇಳಲಿಲ್ಲ. ನಾಲ್ಕನೆಯ ಓಟದಲ್ಲಿ ಅವಳು ತೊಡೆ ಹಿಡಿದು ಬಿದ್ದಳು. ಸ್ನಾಯು ಹರಿದಿತ್ತು. ಆಯ್ಕೆಗೆ ಹೋಗಲಾಗಲಿಲ್ಲ.

ಅಭ್ಯಾಸದಲ್ಲಿ ಆದ ಪೆಟ್ಟು ಎಂದು ತೋರಿಸಿ ಎಂದರು ಚಾನೆಲ್‌ನವರು. ಮಾದಣ್ಣ ಒಪ್ಪಲಿಲ್ಲ. ಅವಳ ಮಾತು, ತಮ್ಮ ಮಾತು ಎರಡನ್ನೂ ಹಾಗೆಯೇ ಉಳಿಸಿದರು. "ಅದ ಕತ್ತರಿಸಿದ್ರೆ ಅವಳಾಗೇ ಬಿದ್ದಂಗಾಗ್ತೈತೆ. ಬೀಳ್ಸಿದ್ದು ನಾನು ಲೇ," ಎಂದರು. ಪ್ರಸಾರವಾಯಿತು. ಆಮೇಲೆ ಚಾನೆಲ್ ಅವರನ್ನು ಕೆಲಸಕ್ಕೆ ಕರೆಯಲಿಲ್ಲ.

ವಾರಕ್ಕೆರಡು ದಿನ ಮಾದಣ್ಣ ಲಕ್ಷ್ಮಿಯನ್ನೂ ಅವಳ ತಾಯಿಯನ್ನೂ ಸೇಲಂಗೆ ಬಸ್ಸಿನಲ್ಲಿ ಚಿಕಿತ್ಸೆಗೆ ಕರೆದೊಯ್ದರು. ದಾರಿಯುದ್ದಕ್ಕೂ ಆ ತಾಯಿ, "ನೀನು ಓಡ್ಸಿ ನೋಡು ಅಂದ್ರೆ ಕಾಲು ಮುರ್ದು ನೋಡ್ದೆ," ಎಂದು ಕುಟುಕುವರು; ಇಳಿಯುವಾಗ ತಿನ್ನಲು ಕಡಲೆಕಾಯಿ ಕೊಡುವರು.

ಏಳು ತಿಂಗಳ ಮೇಲೆ ಅವಳು ಶಾಲೆಯ ಮೈದಾನದಲ್ಲಿ ಒಂದು ಸುತ್ತು ಓಡಿದಳು. ಮಾದಣ್ಣ ಬೆನ್ನು ತಿರುಗಿಸಿ ನಿಂತಿದ್ದರು.

"ಓಡ್ತಾವ್ಳಾ?"

"ಓಡ್ತಾವ್ಳೆ."

"ಕಾಲು ಎಳೀತಾಳಾ? ನೋಡಿ ಯೋಳು."

ನೋಡಿದೆ. "ಒಂಚೂರು ಎಳೀತಾಳೆ ಅಣ್ಣಾ."

"ಸರಿ," ಎಂದು ಅಲ್ಲೇ ಮಣ್ಣಿನಲ್ಲಿ ಕುಳಿತರು. ಅದೇ ಕೊನೆಯ ಭೇಟಿ. ಆ ವಾರವೇ ಎದೆನೋವಿನಲ್ಲಿ ತೀರಿಹೋದರು.

ಕಳೆದ ತಿಂಗಳು ಲಕ್ಷ್ಮಿ ಮತ್ತೆ ಆಯ್ಕೆಗೆ ಓಡಿದಳು. ನಾನು ಅವಳ ಕಾಲನ್ನೇ ನೋಡುತ್ತಿದ್ದೆ. ಎಳೆಯುತ್ತಿರಲಿಲ್ಲ. ಮಾದಣ್ಣನಿಗೆ ಹೇಳಲೆಂದು ಪಕ್ಕಕ್ಕೆ ತಿರುಗಿದೆ.